ಎಂಜಿನ್ ಕಿತ್ತು ಹಾಕಿ ಹಾಯಿ ಕಟ್ಟಿದರು

1882ರಲ್ಲಿ ಒಂದು ಉಗಿ ಹಡಗಿನ ಎಂಜಿನ್ ಕಿತ್ತು ಹಾಕಿ ಅದನ್ನು ಪೂರ್ತಿ ಹಾಯಿ ಹಡಗು ಮಾಡಿದರು. ನಾನು ಉಲ್ಟಾ ಬರೆದಿಲ್ಲ, ಅದು ಆಗಿದ್ದೇ ಹಾಗೆ. ಅದೂ ಯಾವುದೋ ಮೂಲೆಯ ಹಳೇ ದೋಣಿ ಅಲ್ಲ. ಬ್ರುನೆಲ್ ಅನ್ನುವ ಮಹಾ ಎಂಜಿನಿಯರ್ ರೂಪಿಸಿ, 1843ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್‌ನಲ್ಲಿ ನೀರಿಗಿಳಿದ 'ಗ್ರೇಟ್ ಬ್ರಿಟನ್'. ಕಬ್ಬಿಣದ ಮೈ, ಹಿಂದೆ ತಿರುಗುವ ಪ್ರೊಪೆಲ್ಲರ್, ಆ ಕಾಲಕ್ಕೆ ಜಗತ್ತಿನಲ್ಲೇ ದೊಡ್ಡ ಹಡಗು. ಇನ್ಮೇಲೆ ಗಾಳಿಯ ಹಂಗು ಬೇಡ ಅಂತ ಜನ ಇದನ್ನು ನೋಡಿಯೇ ನಂಬಿದ್ದರು. ಸುಮಾರು ನಾಲ್ಕು ದಶಕ ಓಡಿಸಿದ ಮೇಲೆ ಮಾಲೀಕರು ಲೆಕ್ಕ ಹಾಕಿ ನೋಡಿದರು, ಎಂಜಿನ್ ಕೆಳಗಿಳಿಸಿದರು, ಹಾಯಿ ಏರಿಸಿದರು. ಆಮೇಲೆ ಆ ಹಡಗು ಹೊತ್ತ ಸರಕು ಏನು ಗೊತ್ತಾ? ಕಲ್ಲಿದ್ದಲು! ಬೇರೆಯವರು ಸುಡಲಿ ಅಂತ ಇದು ಗಾಳಿಯಲ್ಲಿ ಕಲ್ಲಿದ್ದಲು ಹೊತ್ತು ಅಮೆರಿಕದ ಆಚೆ ದಡಕ್ಕೆ ಹೋಗುತ್ತಿತ್ತು.

ಈ ಕತೆ ನನಗೆ ಯಾಕೆ ಇಷ್ಟ ಅಂದರೆ, ನಾವು ಶಾಲೆಯಲ್ಲಿ ಓದಿದ್ದು 'ಉಗಿ ಹಡಗು ಬಂತು, ಹಾಯಿ ಹಡಗು ಹೋಯಿತು' ಅಂತ ಒಂದೇ ಸಾಲು. ಈಗಲೂ ಯಾವ ಹೊಸ ತಂತ್ರಜ್ಞಾನ ಬಂದರೂ ಟೈಮ್‌ಲೈನ್ ತುಂಬಾ ಇದೇ ಧಾಟಿಯ ಪೋಸ್ಟ್‌ಗಳು, ಇನ್ನು ಅದು ಮುಗೀತು, ಇದು ಮುಗೀತು ಅಂತ. ಹಾಯಿ ಹಡಗಿನ ವಿಷಯದಲ್ಲಂತೂ ಆ ಸಾಲು ಸುಳ್ಳು. ಮೊದಲ ಉಗಿ ದೋಣಿಗಳು ಓಡಾಡಲು ಶುರುವಾದದ್ದು 1800ರ ದಶಕದಲ್ಲಿ. ಜಗತ್ತು ಕಂಡ ಅತಿ ವೇಗದ, ಅತಿ ದೊಡ್ಡ ಹಾಯಿ ಹಡಗುಗಳೆಲ್ಲ ಹುಟ್ಟಿದ್ದು ಅದರ ನಂತರವೇ. ಸರಕು ಹೊತ್ತ ದೊಡ್ಡ ಹಾಯಿ ಹಡಗೊಂದು ಕೊನೆಯ ಸಲ ದಕ್ಷಿಣ ಅಮೆರಿಕದ ತುದಿಯ ಕೇಪ್ ಹಾರ್ನ್ ದಾಟಿದ್ದು 1949ರಲ್ಲಿ. ಅಷ್ಟು ಹೊತ್ತಿಗೆ ನಮಗೆ ಸ್ವಾತಂತ್ರ್ಯ ಬಂದು ಎರಡು ವರ್ಷ ಆಗಿತ್ತು.

ಹಾಗಾದರೆ ನಡುವೆ ಆಗಿದ್ದೇನು? ನನ್ನ ಪ್ರಕಾರ ಇಲ್ಲಿ ಒಂದು ಯುದ್ಧ ನಡೆದು ಒಬ್ಬರು ಗೆದ್ದದ್ದಲ್ಲ. ಒಂದೊಂದು ಸರಕಿಗೆ, ಒಂದೊಂದು ದಾರಿಗೆ ಬೇರೆ ಬೇರೆ ಜಗಳ. ಎಲ್ಲಿ ಅವಸರಕ್ಕೆ ದುಡ್ಡು ಸಿಗುತ್ತಿತ್ತೋ ಅಲ್ಲಿ ಹಾಯಿ ಬೇಗ ಸೋತಿತು, ಎಲ್ಲಿ ಅವಸರಕ್ಕೆ ಬೆಲೆ ಇರಲಿಲ್ಲವೋ ಅಲ್ಲಿ ಗಟ್ಟಿಯಾಗಿ ಕೂತಿತು.

ಮೊದಮೊದಲ ಉಗಿ ಎಂಜಿನ್‌ಗಳ ಹಸಿವು ನೋಡಬೇಕು. ಮುಂಬೈಯಲ್ಲೇ ಕಟ್ಟಿದ 'ಹ್ಯೂ ಲಿಂಡ್ಸೆ' ಅನ್ನುವ ಉಗಿ ಹಡಗು 1830ರ ಮಾರ್ಚ್‌ನಲ್ಲಿ ಈಜಿಪ್ಟಿನ ಸೂಯೆಜ್ ಬಂದರಿನ ಕಡೆಗೆ ಹೊರಟಿತು. ಅದರೊಳಗೆ ಐದಾರು ದಿನಕ್ಕೆ ಆಗುವಷ್ಟು ಕಲ್ಲಿದ್ದಲಿಗೆ ಮಾತ್ರ ಜಾಗ ಇತ್ತು, ನಡುದಾರಿಯ ಏಡನ್ ಬಂದರು ತಲುಪಲು ಹನ್ನೊಂದು ದಿನ ಬೇಕು. ಸಿಕ್ಕ ಸಿಕ್ಕ ಮೂಲೆಯಲ್ಲೆಲ್ಲ ಕಲ್ಲಿದ್ದಲು ತುರುಕಿದರು. ಏಡನ್ ಸೇರುವಾಗ ಅದೂ ಬಹುತೇಕ ಖಾಲಿ. ಅಂಥ ಹಡಗಿನಲ್ಲಿ ಸರಕು ಇಡುವುದು ಎಲ್ಲಿ? ಟಪಾಲು ಒಯ್ಯಬಹುದು, ನಾಲ್ಕು ಜನ ಸಾಹೇಬರು ಹೋಗಬಹುದು, ಅಷ್ಟೇ. ದಾರಿಯುದ್ದಕ್ಕೂ ಕಲ್ಲಿದ್ದಲಿನ ರಾಶಿ ಮೊದಲೇ ಇಟ್ಟಿರಬೇಕು. 1839ರಲ್ಲಿ ಬ್ರಿಟಿಷರು ಏಡನ್ ಹಿಡಿದುಕೊಂಡದ್ದಕ್ಕೆ ಇದೂ ಒಂದು ದೊಡ್ಡ ಕಾರಣ. ಸರಿ, ಆ ರಾಶಿಯನ್ನು ಅಲ್ಲಿಗೆ ತಂದು ಸುರಿಯುವವರು ಯಾರು? ಮತ್ತೆ ಹಾಯಿ ಹಡಗೇ. ಬ್ರಿಟನ್ನಿನ ವೇಲ್ಸ್‌ನಿಂದ ಕಲ್ಲಿದ್ದಲು ತುಂಬಿಕೊಂಡು ಆಫ್ರಿಕಾ ಸುತ್ತಿ ಬಂದು ಇಳಿಸುವುದು, ಉಗಿ ಹಡಗು ಬಂದು ತುಂಬಿಸಿಕೊಂಡು ಹೋಗುವುದು. ಎಷ್ಟೋ ದಶಕ ಉಗಿ ಹಡಗನ್ನು ಸಾಕಿದ್ದೇ ಹಾಯಿ ಹಡಗು. ಇದನ್ನು ಮಾತ್ರ ಯಾರೂ ಹೇಳುವುದಿಲ್ಲ ನೋಡಿ.

ಅದೇ ಸಮಯದಲ್ಲಿ ಹಾಯಿ ಹಡಗಿನವರು ಸುಮ್ಮನೆ ಕೂತಿರಲಿಲ್ಲ. ಅಮೆರಿಕದ ನೌಕಾಪಡೆಯ ಮೋರಿ ಎಂಬಾತ ಹಳೇ ಹಡಗುಗಳ ದಿನಚರಿ ಪುಸ್ತಕಗಳನ್ನು ರಾಶಿ ಹಾಕಿಕೊಂಡು ಕೂತ. ಯಾವ ತಿಂಗಳು, ಯಾವ ಕಡೆ, ಎಂಥ ಗಾಳಿ ಅಂತ ಹೆಕ್ಕಿ ಹೆಕ್ಕಿ 1847ರಿಂದ ನಕ್ಷೆ ಹೊರಡಿಸಿದ. ಅದನ್ನು ನಂಬಿ ಹೊರಟವರ ಪ್ರಯಾಣ ವಾರಗಟ್ಟಲೆ ಕಡಿಮೆಯಾಯಿತು. ಕ್ಯಾಲಿಫೋರ್ನಿಯಾದಲ್ಲಿ ಚಿನ್ನ ಸಿಕ್ಕ ಹುಚ್ಚಿನ ಕಾಲ ಅದು, ನ್ಯೂಯಾರ್ಕ್‌ನಿಂದ ಸ್ಯಾನ್ ಫ್ರಾನ್ಸಿಸ್ಕೋಗೆ ದಕ್ಷಿಣ ಅಮೆರಿಕದ ತುದಿ ಸುತ್ತಿಯೇ ಹೋಗಬೇಕು. 1851ರಲ್ಲಿ 'ಫ್ಲೈಯಿಂಗ್ ಕ್ಲೌಡ್' ಆ ದಾರಿಯನ್ನು 90 ದಿನದೊಳಗೆ ಮುಗಿಸಿತು. ಹಡಗಿನ ದಾರಿ ಲೆಕ್ಕ ಹಾಕಿದ್ದು ಕ್ಯಾಪ್ಟನ್ ಅಲ್ಲ, ಅವನ ಹೆಂಡತಿ ಎಲೀನರ್ ಕ್ರೀಸಿ. ಆಕೆ ಮೋರಿಯ ನಕ್ಷೆ ಓದುತ್ತಿದ್ದಳು. ಹಾಯಿ ಹಡಗಿನ ಬೆಳವಣಿಗೆ ಅಂದರೆ ಎಲ್ಲರೂ ಮರ, ಬಟ್ಟೆ, ಹಗ್ಗ ಅಂತಾರೆ, ಆದರೆ ಈ ಕಾಗದದ ಕೆಲಸಕ್ಕೆ ನಾನು ಅದಕ್ಕಿಂತ ಜಾಸ್ತಿ ಅಂಕ ಕೊಡುತ್ತೇನೆ.

ಇನ್ನು ಚಹಾ ಹಡಗುಗಳು. ಇದು ಎಲ್ಲರಿಗೂ ಇಷ್ಟವಾದ ಅಧ್ಯಾಯ. ಚೀನಾದ ಫುಝೌನಿಂದ ಆ ವರ್ಷದ ಮೊದಲ ಚಹಾ ಯಾರು ಲಂಡನ್‌ಗೆ ತಂದರೋ ಅವರಿಗೆ ಹೆಚ್ಚಿನ ಬಾಡಿಗೆ. 1866ರಲ್ಲಿ 'ಟೈಪಿಂಗ್', 'ಏರಿಯಲ್', 'ಸೆರಿಕಾ' ಒಂದೇ ಭರತದಲ್ಲಿ ಹೊರಟವು. 99 ದಿನದ ಮೇಲೆ ಟೈಪಿಂಗ್ ಲಂಡನ್ನಿನ ಡಾಕ್ ಸೇರಿದ್ದು ಏರಿಯಲ್‌ಗಿಂತ 28 ನಿಮಿಷ ಮೊದಲು! ಅರ್ಧ ಭೂಮಿ ಸುತ್ತಿ ಬಂದು ಬರೀ 28 ನಿಮಿಷ. ಓದಿದರೆ ಇವತ್ತಿಗೂ ಮೈ ಜುಮ್ ಅನ್ನುತ್ತದೆ. ಆದರೆ ಇದರ ಪಕ್ಕದಲ್ಲೇ ಇನ್ನೊಂದು ಸಂಗತಿ ಇದೆ, ಅದನ್ನು ಬಹಳ ಜನ ಬಿಟ್ಟುಬಿಡುತ್ತಾರೆ. ಅದೇ ಫುಝೌನಿಂದ 'ಅರ್ಲ್ ಕಿಂಗ್' ಅನ್ನುವ, ಹಾಯಿಯ ಜೊತೆ ಎಂಜಿನ್ನೂ ಇದ್ದ ಹಡಗು ಇವುಗಳ ನಂತರ ಹೊರಟು, ಇವುಗಳಿಗಿಂತ ಸುಮಾರು ಎರಡು ವಾರ ಮೊದಲೇ ಲಂಡನ್ ಮುಟ್ಟಿತ್ತು. ಹಾಯಿ ಹಡಗುಗಳು ತಮ್ಮತಮ್ಮಲ್ಲೇ ಪಂದ್ಯ ಆಡುತ್ತಿದ್ದವು, ನಿಜವಾದ ಪಂದ್ಯ ಆಗಲೇ ಮುಗಿದಿತ್ತು. ಅದೇ ವರ್ಷ ಲಿವರ್‌ಪೂಲ್‌ನ ಆಲ್ಫ್ರೆಡ್ ಹೋಲ್ಟ್ ಹೊಸ ಬಗೆಯ ಎಂಜಿನ್ ಕೂರಿಸಿದ ಹಡಗುಗಳನ್ನು ಚೀನಾ ದಾರಿಗೆ ಬಿಟ್ಟ. ಒಂದೇ ಉಗಿಯನ್ನು ಎರಡು ಸಲ ದುಡಿಸಿಕೊಳ್ಳುವ ಎಂಜಿನ್, ಕಲ್ಲಿದ್ದಲಿನ ಖರ್ಚು ಬಹಳ ಕಡಿಮೆ. ಚಹಾದಲ್ಲಿ ಹಾಯಿಯ ಆಟ ಮುಗಿಯುವುದಕ್ಕೆ ಇಷ್ಟೇ ಸಾಕಿತ್ತು.

ಅದರ ಮೇಲೆ ಸೂಯೆಜ್ ಬಂತು. 1869ರ ನವೆಂಬರ್ 17ಕ್ಕೆ ಕಾಲುವೆ ತೆರೆಯಿತು. ಐದೇ ದಿನ ಬಿಟ್ಟು, ನವೆಂಬರ್ 22ಕ್ಕೆ, ಸ್ಕಾಟ್‌ಲೆಂಡಿನಲ್ಲಿ 'ಕಟ್ಟಿ ಸಾರ್ಕ್' ನೀರಿಗಿಳಿಯಿತು. ಚಹಾ ಪಂದ್ಯ ಗೆಲ್ಲಲೆಂದೇ ಕಟ್ಟಿದ ಹಡಗು, ಅದರ ದುರದೃಷ್ಟ ನೋಡಿ. ಕಟ್ಟುತ್ತಾ ಕಟ್ಟುತ್ತಾ ಕಟ್ಟುವ ಕಂಪನಿಯೇ ದಿವಾಳಿಯಾಗಿ ಬೇರೆಯವರು ಮುಗಿಸಿಕೊಡಬೇಕಾಯಿತು, ಅದು ಬೇರೆ ಕತೆ. ಲಂಡನ್–ಮುಂಬೈ ದಾರಿ ಆಫ್ರಿಕಾ ಸುತ್ತಿದರೆ ಸುಮಾರು 19,800 ಕಿಲೋಮೀಟರ್, ಕಾಲುವೆಯಲ್ಲಿ ಸುಮಾರು 11,600. ಹಾಯಿ ಹಡಗೂ ಕಾಲುವೆಯಲ್ಲೇ ಹೋಗಬಹುದಿತ್ತಲ್ಲ ಅಂತ ಕೇಳುವವರಿದ್ದಾರೆ. ಕಾಲುವೆಯಲ್ಲಿ ಹಾಯಿ ಬಿಚ್ಚಲಾಗದು, ಟಗ್ ಹಡಗು ಎಳೆಯಬೇಕು, ಅದಕ್ಕೆ ದುಡ್ಡು. ಅದು ಹೇಗೋ ಆಯಿತು ಅನ್ನಿ, ಕೆಂಪು ಸಮುದ್ರದ ಉತ್ತರ ಭಾಗದಲ್ಲಿ ವರ್ಷವಿಡೀ ಗಾಳಿ ಬೀಸುವುದು ಉತ್ತರದಿಂದ. ಏಷ್ಯಾದಿಂದ ಸರಕು ತುಂಬಿಕೊಂಡು ಹೊರಟ ಹಡಗಿಗೆ ಅದು ಎದುರು ಗಾಳಿ. ಹಾಯಿ ಹಡಗು ಎದುರು ಗಾಳಿಗೆ ನೇರ ಹೋಗಲಾರದು, ಓರೆಯಾಗಿ ಒಮ್ಮೆ ಆ ದಡದ ಕಡೆ ಒಮ್ಮೆ ಈ ದಡದ ಕಡೆ ಹಾಯುತ್ತಾ ಏರಬೇಕು. ಹವಳದ ಬಂಡೆಗಳಿರುವ ಇಕ್ಕಟ್ಟಾದ ಸಮುದ್ರದಲ್ಲಿ ದೊಡ್ಡ ಹಡಗಿಗೆ ಅದು ಆಗುವ ಮಾತಲ್ಲ.

ಕಟ್ಟಿ ಸಾರ್ಕ್ 1877ರ ಹೊತ್ತಿಗೆ ಚಹಾ ಹೊರುವುದನ್ನೇ ಬಿಟ್ಟಿತು. ಸೋತಿತು ಅಂತೀರಾ? ಸ್ವಲ್ಪ ತಡೆಯಿರಿ. ಅದು ಆಸ್ಟ್ರೇಲಿಯಾದ ಉಣ್ಣೆ ಸಾಗಿಸುವ ಕೆಲಸಕ್ಕೆ ಹೋಯಿತು. ದಕ್ಷಿಣದ ಆ ಮಹಾಸಾಗರದಲ್ಲಿ ಗಾಳಿಗೆ ಬರವಿಲ್ಲ, ಕಲ್ಲಿದ್ದಲು ತುಂಬಿಸಿಕೊಳ್ಳುವ ಬಂದರುಗಳಿಗೇ ಬರ. ಕ್ಯಾಪ್ಟನ್ ವುಡ್‌ಗೆಟ್ ಬೇರೆಯವರು ಹೆದರುವಷ್ಟು ದಕ್ಷಿಣಕ್ಕೆ, ಮಂಜುಗಡ್ಡೆ ತೇಲುವ ಕಡೆಗೆ ಇಳಿದು ಅಲ್ಲಿನ ಬಿರುಗಾಳಿ ಹಿಡಿಯುತ್ತಿದ್ದ. 1885ರಲ್ಲಿ ಸಿಡ್ನಿಯಿಂದ 73 ದಿನಕ್ಕೆ ಇಂಗ್ಲೆಂಡ್ ಸೇರಿದ. 1889ರ ಜುಲೈ ತಿಂಗಳ ಒಂದು ರಾತ್ರಿ ಆಸ್ಟ್ರೇಲಿಯಾದ ಹತ್ತಿರ 'ಬ್ರಿಟಾನಿಯಾ' ಅನ್ನುವ ಹೊಸ, ವೇಗದ ಉಗಿ ಹಡಗನ್ನೇ ಕಟ್ಟಿ ಸಾರ್ಕ್ ಹಿಂದೆ ಹಾಕಿತು. ವೇಗ 17 ನಾಟ್, ಅಂದರೆ ಗಂಟೆಗೆ 30 ಕಿಲೋಮೀಟರಿಗೂ ಮೇಲೆ. ಉಗಿ ಹಡಗಿನ ಅಧಿಕಾರಿಗಳು ಹಿಂದಿನಿಂದ ಬರುತ್ತಿದ್ದ ದೀಪ ನೋಡಿ ಬೆರಗಾದರು. ಆಗ ಕಟ್ಟಿ ಸಾರ್ಕ್‌ಗೆ ಇಪ್ಪತ್ತು ವರ್ಷ.

ಚಹಾದವರ ಕತೆ ಇಷ್ಟು ಚೆನ್ನಾಗಿರುವುದರಿಂದಲೇ ಅದರ ನಂತರದ್ದನ್ನು ಯಾರೂ ಓದುವುದಿಲ್ಲ. ನನಗೆ ಕೇಳಿದರೆ ನಿಜವಾದ ಕೌತುಕ ಇರುವುದೇ ಅಲ್ಲಿ. ಚಿಲಿ ದೇಶದ ಕರಾವಳಿಯಿಂದ ಯೂರೋಪಿಗೆ ಸಾಲ್ಟ್‌ಪೀಟರ್ ಅನ್ನುವ, ಸಾರಜನಕ ಇರುವ ಲವಣ ಹೋಗುತ್ತಿತ್ತು, ಗೊಬ್ಬರಕ್ಕೆ ಮತ್ತು ಸಿಡಿಮದ್ದಿಗೆ. ಭಾರದ ಸರಕು, ಕೆಡುವುದಿಲ್ಲ, ಒಂದು ವಾರ ತಡವಾದರೆ ಯಾರೂ ಸಾಯುವುದಿಲ್ಲ. ಹ್ಯಾಂಬರ್ಗ್‌ನ ಲೈಸ್ ಕುಟುಂಬದ ಕಂಪನಿ ಇದಕ್ಕೆಂದೇ ಉಕ್ಕಿನ ಹಾಯಿ ಹಡಗುಗಳನ್ನು ಕಟ್ಟಿಸಿತು. 1902ರ 'ಪ್ರಾಯ್ಸನ್' ಅಂಥದ್ದು. ಐದು ಕೂವೆಮರ, 47 ಹಾಯಿ, ಉಕ್ಕಿನ ಮೈ, ಉಕ್ಕಿನ ಕಂಬ, ಹಗ್ಗದ ಬದಲು ಬಹುಪಾಲು ಉಕ್ಕಿನ ತಂತಿ. ಹೊತ್ತದ್ದು ಸುಮಾರು 8,000 ಟನ್. ಕೆಲವು ಭಾರದ ಕೆಲಸಗಳಿಗೆ ಅದರ ಮೇಲೇ ಸಣ್ಣ ಉಗಿ ಎಂಜಿನ್ ಇಟ್ಟಿದ್ದರು. ಉಕ್ಕು, ತಂತಿ, ಉಗಿ, ಎಲ್ಲವೂ ಯಾವ ಕಾರ್ಖಾನೆಗಳು ಹಾಯಿಯನ್ನು ಮುಗಿಸುತ್ತವೆ ಅಂದಿದ್ದರೋ ಅವೇ ಕಾರ್ಖಾನೆಗಳಿಂದ ಬಂದದ್ದು. ಎದುರಾಳಿಯ ಬತ್ತಳಿಕೆಯಿಂದಲೇ ಬಾಣ ತೆಗೆದುಕೊಂಡಿತ್ತು ಹಾಯಿ. 1910ರಲ್ಲಿ ಇಂಗ್ಲಿಷ್ ಕಡಲ್ಗಾಲುವೆಯಲ್ಲಿ ಒಂದು ಉಗಿ ಹಡಗು ಇದರ ಮುಂದೆ ಅಡ್ಡ ದಾಟಿ ಹೋಗಿಬಿಡೋಣ ಅಂತ ಹೊರಟು ಡಿಕ್ಕಿ ಹೊಡೆಯಿತು. ಬರೀ ಹಾಯಿ ಹಡಗು, ಇಷ್ಟು ಜೋರಾಗಿ ಬರಲಾರದು ಅಂತ ಅವರ ಅಂದಾಜು. ಪ್ರಾಯ್ಸನ್ ಡೋವರ್ ಹತ್ತಿರ ಬಂಡೆಗೆ ಸಿಕ್ಕಿ ಹಾಳಾಯಿತು.

ಮುಂದೆ 1914ರಲ್ಲಿ ಪನಾಮಾ ಕಾಲುವೆ ತೆರೆಯಿತು, ಉಗಿ ಹಡಗಿಗೆ ಕೇಪ್ ಹಾರ್ನ್ ಸುತ್ತುವುದು ತಪ್ಪಿತು. ಜರ್ಮನಿಯವರು ಗಾಳಿಯಿಂದಲೇ ಸಾರಜನಕ ಹಿಡಿದು ಗೊಬ್ಬರ ಮಾಡಲು ಕಲಿತರು, ಚಿಲಿಯ ಸರಕಿಗೇ ಬೇಡಿಕೆ ಬಿತ್ತು. ನೋಡಿ, ಹಡಗು ಸೋತದ್ದಲ್ಲ, ಹೊರುವ ಸಾಮಾನೇ ಇಲ್ಲವಾಯಿತು.

ಇಷ್ಟು ಹೊಗಳಿದ ಮೇಲೆ ಒಂದು ಕಹಿ ಮಾತು ಹೇಳಲೇಬೇಕು. ಹಾಯಿ ಹಡಗು ಇಷ್ಟು ಕಾಲ ಬಾಳಿದ್ದಕ್ಕೆ ಗಾಳಿ ಪುಕ್ಕಟೆ ಅನ್ನುವುದು ಅರ್ಧ ಕಾರಣ. ಇನ್ನರ್ಧ, ಮನುಷ್ಯರು ಅಗ್ಗ. ಕೇಪ್ ಹಾರ್ನ್‌ನ ಹಿಮದ ಗಾಳಿಯಲ್ಲಿ ಮಧ್ಯರಾತ್ರಿ ಕೂವೆಮರ ಹತ್ತಿ, ಕಾಲ ಕೆಳಗೆ ಒಂದು ತಂತಿ, ಕೈಯಲ್ಲಿ ತಗಡಿನಂತೆ ಸೆಟೆದ ಒದ್ದೆ ಹಾಯಿ, ಕೆಳಗೆ ಕಪ್ಪು ಸಮುದ್ರ. ಬಿದ್ದರೆ ಹಡಗು ತಿರುಗಿಸಿ ಹುಡುಕುವ ಮಾತು ಬಹುಪಾಲು ಇರಲಿಲ್ಲ. ಫಿನ್‌ಲೆಂಡಿನ ಓಲಾಂಡ್ ದ್ವೀಪಗಳ ಗುಸ್ತಾಫ್ ಎರಿಕ್ಸನ್ 1920, 30ರ ದಶಕಗಳಲ್ಲಿ ಯಾರಿಗೂ ಬೇಡವಾದ ಹಾಯಿ ಹಡಗುಗಳನ್ನು ಕಡಿಮೆ ಬೆಲೆಗೆ ಕೊಂಡು ಆಸ್ಟ್ರೇಲಿಯಾದ ಗೋಧಿ ಸಾಗಿಸಿದ. ಹಡಗುಗಳಿಗೆ ವಿಮೆಯನ್ನೇ ಮಾಡಿಸುತ್ತಿರಲಿಲ್ಲ. ದುಡಿಯುವವರಲ್ಲಿ ಬಹಳ ಜನ ಹದಿಹರೆಯದ ಹುಡುಗರು. ಕೆಲಸ ಕಲಿಯಲು ಬಂದ ಎಷ್ಟೋ ಹುಡುಗರ ಮನೆಯವರೇ ಅವನಿಗೆ ದುಡ್ಡು ಕಟ್ಟುತ್ತಿದ್ದರು! ಅವನ ಬಗ್ಗೆ ಜನ ಬಹಳ ಪ್ರೀತಿಯಿಂದ ಬರೆಯುತ್ತಾರೆ, ಕೊನೆಯ ಹಾಯಿ ಹಡಗುಗಳನ್ನು ಉಳಿಸಿದ ಪುಣ್ಯಾತ್ಮ ಅಂತ. ಉಳಿಸಿದ, ನಿಜ. ಯಾರ ಬೆನ್ನಿನ ಮೇಲೆ ಅನ್ನುವುದನ್ನೂ ಬರೆಯಬೇಕಲ್ವಾ? 1949ರಲ್ಲಿ ಹಾರ್ನ್ ದಾಟಿದ 'ಪಾಮಿರ್' ಅವನ ಕಂಪನಿಯದ್ದೇ. ಮುಂದೆ ಅದು ಜರ್ಮನ್ನರ ತರಬೇತಿ ಹಡಗಾಗಿ, ಸಡಿಲವಾಗಿ ಸುರಿದ ಬಾರ್ಲಿ ತುಂಬಿಕೊಂಡು ಬರುವಾಗ 1957ರಲ್ಲಿ ಅಟ್ಲಾಂಟಿಕ್‌ನ ಚಂಡಮಾರುತಕ್ಕೆ ಸಿಕ್ಕಿತು. 86 ಜನರಲ್ಲಿ ಉಳಿದವರು ಆರೇ ಜನ. ಸತ್ತವರಲ್ಲಿ ಬಹಳಷ್ಟು ತರಬೇತಿಗೆ ಬಂದ ಹುಡುಗರು.

ಈಗ ಮತ್ತೆ ಗಾಳಿಯ ಮಾತು ಶುರುವಾಗಿದೆ. 2023ರಲ್ಲಿ 'ಪಿಕ್ಸಿಸ್ ಓಷನ್' ಅನ್ನುವ ಸರಕು ಹಡಗಿಗೆ 37.5 ಮೀಟರ್ ಎತ್ತರದ ಎರಡು ಗಟ್ಟಿ ರೆಕ್ಕೆ ನಿಲ್ಲಿಸಿ ಚೀನಾದಿಂದ ಬ್ರೆಜಿಲ್‌ಗೆ ಓಡಿಸಿದರು. ಯೂರೋಪಿನ ಏರಿಯಾನ್ ರಾಕೆಟ್ಟಿನ ಭಾಗಗಳನ್ನು ಸಾಗಿಸುವ 'ಕನೋಪೆ' ಹಡಗಿಗೆ ನಾಲ್ಕು ಹಾಯಿ. ಇಂಥದ್ದು ಹೊಸದೇನಲ್ಲ, 1920ರ ದಶಕದಲ್ಲೇ ಜರ್ಮನಿಯ ಫ್ಲೆಟ್ನರ್ ತಿರುಗುವ ಕೊಳವೆಗಳನ್ನು ನಿಲ್ಲಿಸಿ ಹಡಗು ಓಡಿಸಿ ತೋರಿಸಿದ್ದ. ಆಗ ಎಣ್ಣೆ ಅಗ್ಗವಾಗಿತ್ತು, ಯಾರಿಗೂ ಬೇಕಾಗಲಿಲ್ಲ. ಹಾಗಾಗಿ 'ಹಾಯಿ ಯುಗ ಮರಳಿತು' ಅನ್ನುವ ಹೆಡ್‌ಲೈನ್‌ಗಳನ್ನು ನಾನು ಅಷ್ಟು ನಂಬುವುದಿಲ್ಲ. ಇವು ಎಂಜಿನ್ ಹಡಗುಗಳೇ, ಗಾಳಿ ಸಿಕ್ಕಷ್ಟು ಎಣ್ಣೆ ಉಳಿಸುತ್ತವೆ, ಅಷ್ಟೇ. ಎಣ್ಣೆಯ ಬೆಲೆ, ಹೊಗೆಗೆ ಹಾಕುವ ತೆರಿಗೆ ಏರಿದರೆ ಇನ್ನಷ್ಟು ಬರುತ್ತವೆ, ಇಳಿದರೆ ರೆಕ್ಕೆ ಬಿಚ್ಚಿ ಗುಜರಿಗೆ ಹಾಕುತ್ತಾರೆ. ಒಂದು ಒಳ್ಳೆಯದು ಏನೆಂದರೆ, ಇವಕ್ಕೆ ಯಾವ ಹುಡುಗನೂ ಮಧ್ಯರಾತ್ರಿ ಕಂಬ ಹತ್ತಬೇಕಾಗಿಲ್ಲ, ಬಟನ್ ಒತ್ತಿದರೆ ಸಾಕು.

ನಮ್ಮ ಕಡೆಯದ್ದನ್ನು ಬೇಕೆಂದೇ ಕೊನೆಗಿಟ್ಟೆ. ಪಶ್ಚಿಮ ಕರಾವಳಿಯಲ್ಲಿ ಉಗಿ ಹಡಗುಗಳು ಓಡಾಡುತ್ತಿದ್ದ ಕಾಲದಲ್ಲೇ ಮಂಗಳೂರಿನ ಹಳೇ ಬಂದರಿನಿಂದ ಮಂಜಿಗಳು, ಅಂದರೆ ಮರದ ಸರಕು ದೋಣಿಗಳು, ಹಾಯಿ ಬಿಚ್ಚಿ ಲಕ್ಷದ್ವೀಪಕ್ಕೆ ಅಕ್ಕಿ, ಹೆಂಚು, ಮನೆಸಾಮಾನು ಒಯ್ಯುತ್ತಿದ್ದವು, ಬರುವಾಗ ಕೊಬ್ಬರಿ, ತೆಂಗು. ಮಳೆಗಾಲ ಬಂದರೆ ದಡಕ್ಕೆ. ಎಂಜಿನ್ ಕೂರಿಸಿದ್ದು ಬಹಳ ತಡವಾಗಿ. ಚಿಲಿಯಲ್ಲಿ ನಡೆದ ಲೆಕ್ಕಾಚಾರವೇ ಇಲ್ಲೂ ನಡೆದಿರಬೇಕು ಅಂತ ನನ್ನ ಊಹೆ: ಹೆಂಚಿಗೆ ಅವಸರ ಇಲ್ಲ, ಗಾಳಿಗೆ ದುಡ್ಡಿಲ್ಲ. ಆದರೆ ಹ್ಯಾಂಬರ್ಗ್‌ನವರ ಬಗ್ಗೆ ಎಲ್ಲ ದಾಖಲೆ ಸಿಗುತ್ತದೆ, ನಮ್ಮ ಮಂಜಿಯವರ ಬಗ್ಗೆ ಓದಲು ಸಿಗುವುದು ತೀರಾ ಕಡಿಮೆ. ನಿಮ್ಮ ಮನೆಯಲ್ಲಿ ಅಜ್ಜನೋ ದೊಡ್ಡಪ್ಪನೋ ಹಾಯಿ ಮಂಜಿಯಲ್ಲಿ ದುಡಿದವರಿದ್ದರೆ ಕಾಮೆಂಟಿನಲ್ಲಿ ಬರೆಯಿರಿ. ಎಷ್ಟು ಜನ ಹೋಗುತ್ತಿದ್ದರು, ಎಷ್ಟು ದಿನ ಹಿಡಿಯುತ್ತಿತ್ತು, ಬಾಡಿಗೆ ಹೇಗೆ ಹಂಚಿಕೊಳ್ಳುತ್ತಿದ್ದರು, ಎಂಜಿನ್ ಹಾಕಿಸಿದಾಗ ಯಾರ ಕೆಲಸ ಹೋಯಿತು, ಇವೆಲ್ಲ ಬೇಕು. ಫೋಟೋ ಇದ್ದರೆ ಅದನ್ನೂ ಹಾಕಿ.