ಕಾಲಾಚಾರಿಗೊಂದು ರಾಜ್ಯೋತ್ಸವ ಪ್ರಶಸ್ತಿ ಕೊಡಿ ಸ್ವಾಮಿ

ಹಾಸನದ ಬೂವನಹಳ್ಳಿ ವಿಮಾನ ನಿಲ್ದಾಣ ಇನ್ನೇನು ಆಗಿಯೇ ಬಿಟ್ಟಿತು ಅಂತ ಪೇಪರಿನಲ್ಲಿ ಮತ್ತೆ ಬಂದಿದೆ, ನೋಡಿರುತ್ತೀರಿ. ಮೇಜಿನ ಮೇಲೆ ನಕ್ಷೆ, ಸುತ್ತ ಅಧಿಕಾರಿಗಳು, ನಕ್ಷೆಯ ಮೇಲೆ ನಾಯಕರ ಬೆರಳು. ಬೆರಳು ಬದಲಾಗುತ್ತಾ ಇರುತ್ತದೆ, ನಕ್ಷೆ ಅದೇ. 1960ರ ದಶಕದಲ್ಲಿ ಎದ್ದ ಮಾತು ಇದು. 2007ರಲ್ಲಿ ಅಡಿಗಲ್ಲು ಹಾಕಿದರು. 2021ರಲ್ಲಿ ಮತ್ತೆ ಹೊಸದಾಗಿ ಕೆಲಸ ಶುರು ಅಂದರು. ಅಡಿಗಲ್ಲಿನ ವರ್ಷ ಹುಟ್ಟಿದ ಮಗು ಓಟು ಹಾಕುವಷ್ಟು ದೊಡ್ಡದಾಯಿತು, ಹಾಸನದ ನೆಲಕ್ಕೆ ಪ್ರಯಾಣಿಕರ ವಿಮಾನ ಮಾತ್ರ ಇಳಿಯಲಿಲ್ಲ.

ಇದಕ್ಕೆಲ್ಲ ನಾವು ಸುಮ್ನೆ ರಾಜಕಾರಣಿಗಳನ್ನು ಬೈಯುತ್ತೇವೆ. ಪಾಪ, ಅವರು ಪರದೆ ಸರಿಸಿ ಚಪ್ಪಾಳೆ ಹೊಡೆಸಿಕೊಳ್ಳುವವರು ಅಷ್ಟೇ. ನಿಜವಾದ ಕೈಚಳಕ ಆ ಕಲ್ಲು ಕೆತ್ತಿದವನದು. ಅವನನ್ನು ಕಾಲಾಚಾರಿ ಅನ್ನೋಣ, ಅವನು ಅಡಿಗಲ್ಲು ಕೆತ್ತಿದ ಕಡೆ ಕಾಲ ನಿಂತುಬಿಡುತ್ತದೆ. ಹುಡುಕಿಕೊಂಡು ಹೋಗಬೇಡಿ, ಅಂಥವನು ಯಾರೂ ಇಲ್ಲ, ನಾನೇ ಕಟ್ಟಿದ ಕಥೆ. ಆದರೆ ಅವನೊಬ್ಬ ಇದ್ದಾನೆ ಅಂತ ಒಪ್ಪಿಕೊಳ್ಳದೆ ಹಾಸನ, ಚಿಕ್ಕಮಗಳೂರು ಈ ಎರಡು ಜಿಲ್ಲೆಗಳ ಲೆಕ್ಕ ತಾಳೆಯಾಗುವುದೇ ಇಲ್ಲ.

ಹುಟ್ಟಿದ್ದು ಹಾಸನದಲ್ಲೇ. ಹಾಸನಾಂಬೆಯ ಬಾಗಿಲು ವರ್ಷಕ್ಕೊಮ್ಮೆ ತೆಗೆದಾಗ ಹಚ್ಚಿಟ್ಟ ದೀಪ ಆರಿರಲ್ಲ, ಮುಡಿಸಿದ ಹೂವು ಬಾಡಿರಲ್ಲ ಅಂತ ನಂಬುವ ಊರು. ಅಂಥ ಊರಿನ ಹುಡುಗನಿಗೆ ಕಾಲದ ಜೊತೆ ಆಟ ಹೊಸದೇನಲ್ಲ. ಚಿಕ್ಕಂದಿನಲ್ಲಿ ಊರಿನ ಬಸ್ ತಂಗುದಾಣಕ್ಕೆ ಅಂತ ಒಂದು ಅಡಿಗಲ್ಲು ಕೆತ್ತಿದನಂತೆ. ತಂಗುದಾಣ ಬರಲಿಲ್ಲ. ಜನ ಆ ಕಲ್ಲಿನ ಮೇಲೆಯೇ ಕೂತು ಬಸ್ಸಿಗೆ ಕಾಯತೊಡಗಿದರು. ತನ್ನ ಕೈಯಲ್ಲಿ ಏನೋ ಇದೆ ಅಂತ ಅವನಿಗೆ ಗೊತ್ತಾಗಿದ್ದು ಅವತ್ತು.

ಅವನ ಶೈಲಿ ನಿಮಗೆಲ್ಲ ಗೊತ್ತು. ಪಾಲಿಶ್ ಮಾಡಿದ ಕಪ್ಪು ಗ್ರಾನೈಟ್, ಬಂಗಾರದ ಬಣ್ಣದ ಅಕ್ಷರ. ಮೇಲೆ ಒಂದೇ ಒಂದು ಸಾಲು ಕಾಮಗಾರಿಯ ಹೆಸರು. ಉಳಿದದ್ದೆಲ್ಲ ಅಮೃತ ಹಸ್ತ, ಘನ ಉಪಸ್ಥಿತಿ, ಅಧ್ಯಕ್ಷತೆ, ಗೌರವಾನ್ವಿತರು, ಮಾನ್ಯರು, ಕೊನೆಗೆ ಕಾರ್ಯಪಾಲಕ ಎಂಜಿನಿಯರ್. ಕೆತ್ತಿದವನ ಹೆಸರು ಎಲ್ಲೂ ಇಲ್ಲ. ಹೊಯ್ಸಳರ ಶಿಲ್ಪಿಗಳಿಗೆ ಈ ನಾಚಿಕೆ ಇರಲಿಲ್ಲ ನೋಡಿ. ಬೇಲೂರಿನ ಶಿಲ್ಪಗಳ ಕೆಳಗೆ ದಾಸೋಜ, ಚಾವಣ ಅಂತ ಹೆಸರು ಹಾಕಿಕೊಂಡಿದ್ದಾರೆ. ತರೀಕೆರೆ ಹತ್ತಿರದ ಅಮೃತಾಪುರದ ದೇವಸ್ಥಾನ 1196ರದು, ಅಲ್ಲಿ ಮಲ್ಲಿತಮ್ಮನ ಹೆಸರಿದೆ, ಹದಿಮೂರನೇ ಶತಮಾನದ ಸೋಮನಾಥಪುರದಲ್ಲೂ ಅದೇ ಹೆಸರಿದೆ. ಕೆಲಸ ಮುಗಿಸಿದವರು ಹೆಸರು ಹಾಕಿಕೊಂಡರು. ಈಗ ಶುರು ಮಾಡದವರೂ ಹಾಕಿಕೊಳ್ಳುತ್ತಾರೆ.

ಕಾಲಾಚಾರಿ ಪಳಗಿದ್ದು ರೈಲಿನಲ್ಲಿ. ಹಾಸನ–ಮಂಗಳೂರು ಮೀಟರ್ ಗೇಜ್ ಬಂದದ್ದು 1979ರಲ್ಲಿ. 1996ರಲ್ಲಿ ಬ್ರಾಡ್ ಗೇಜ್ ಮಾಡುತ್ತೇವೆ ಅಂತ ಓಡುತ್ತಿದ್ದ ರೈಲನ್ನೇ ನಿಲ್ಲಿಸಿದರು. ಪ್ರಯಾಣಿಕರು ಮತ್ತೆ ಹತ್ತಿದ್ದು 2007ರ ಕೊನೆಗೆ. ಆ ಲೈನಿನ ಮೇಲಿನ ಹಿಡಿತ ತಪ್ಪಿದ ವರ್ಷವೇ ಅವನಿಗೆ ಬೂವನಹಳ್ಳಿ ಸಿಕ್ಕಿತು. ಕೈ ಖಾಲಿ ಇರಬಾರದಲ್ವಾ! ಶ್ರವಣಬೆಳಗೊಳದ ಮೇಲೆ ಬೆಂಗಳೂರಿಗೆ ಹೋಗುವ ಲೈನು ಮಂಜೂರಾದದ್ದು ತೊಂಬತ್ತರ ದಶಕದಲ್ಲಿ, ಪೂರ್ತಿ ತೆರೆದದ್ದು 2017ರಲ್ಲಿ. ಮಹಾಮಸ್ತಕಾಭಿಷೇಕ ಮಾತ್ರ 2006, 2018 ಅಂತ ಹೇಳಿದ ಟೈಮಿಗೆ ನಡೆಯುತ್ತದೆ. ಗೊಮ್ಮಟನ ಕ್ಯಾಲೆಂಡರಿನ ಮೇಲೆ ಇವನ ಉಳಿ ಓಡಲ್ಲ.

ಪಕ್ಕದ ಜಿಲ್ಲೆಯ ಆರ್ಡರನ್ನೂ ಬಿಡುವವನಲ್ಲ. ಕಡೂರಿನಿಂದ ಚಿಕ್ಕಮಗಳೂರಿಗೆ 2013ರಲ್ಲಿ ರೈಲು ಬಂತು. ಅಲ್ಲಿಂದ ಬೇಲೂರು, ಹಾಸನ ಅಂದಿದ್ದರು. ಚಿಕ್ಕಮಗಳೂರಿಂದ ಬೇಲೂರಿಗೆ ಇಪ್ಪತ್ತೈದು ಕಿಲೋಮೀಟರ್ ಇದ್ದೀತು, ಬಸ್ಸಿನಲ್ಲಿ ಕೂತು ನಿದ್ದೆ ಹತ್ತುವಷ್ಟರಲ್ಲಿ ಬೇಲೂರು ಬಂದಿರುತ್ತದೆ, ರೈಲು ಹನ್ನೆರಡು ವರ್ಷ ಆದರೂ ಮುಟ್ಟಲಿಲ್ಲ.

ಅವನ ಮೇರುಕೃತಿ ಅಂದರೆ ಎತ್ತಿನಹೊಳೆ, ಸಕಲೇಶಪುರದ ಕಡೆಯ ಹೊಳೆ ನೀರನ್ನು ಕೋಲಾರದ ಕಡೆಗೆ ಒಯ್ಯುವ ಯೋಜನೆ. 2012ರಲ್ಲಿ 8,323 ಕೋಟಿ ಅಂದುಕೊಂಡದ್ದು, 2014ರಲ್ಲಿ ಅಡಿಗಲ್ಲು, 2023ರಲ್ಲಿ ಅಂದಾಜು 23,251 ಕೋಟಿ. ಕಾಲವನ್ನು ನಿಲ್ಲಿಸಿ ದುಡ್ಡನ್ನು ಮಾತ್ರ ಓಡಿಸುವುದು ಸಾಮಾನ್ಯದ ವಿದ್ಯೆಯಲ್ಲ. 2024ರ ಗೌರಿ ಹಬ್ಬದ ದಿನ ಸಕಲೇಶಪುರದ ಹತ್ತಿರ ಮೊದಲ ಹಂತ ಉದ್ಘಾಟನೆಯಾಯಿತು. ಬಾಗಿನವೂ ಆಯಿತು, ಫೋಟೊನೂ ಆಯಿತು. ನೀರು ಯಾರಿಗೆ ಅಂತ ಹೇಳಿದ್ದರೋ ಆ ಕೋಲಾರದವರು ಅದನ್ನು ಟೀವಿಯಲ್ಲಿ ನೋಡಿದರು.

ಇಷ್ಟು ಹೇಳಿದರೆ ಯಾರಾದರೂ ಒಬ್ಬರು ಎದ್ದು, "ಬೇಲೂರು ದೇವಸ್ಥಾನಕ್ಕೇ ನೂರಮೂರು ವರ್ಷ ಹಿಡೀತಂತೆ, ನೀವು ಇಪ್ಪತ್ತು ವರ್ಷಕ್ಕೇ ಇಷ್ಟು ಕೂಗಾಡ್ತೀರಲ್ಲ" ಅನ್ನುತ್ತಾರೆ. ಅನ್ನಲೇಬೇಕು, ಹಾಸನದಲ್ಲಿ ಇದೊಂದು ಆಚಾರ. ಅಲ್ಲ ಸ್ವಾಮಿ, ವಿಷ್ಣುವರ್ಧನ 1117ರಲ್ಲೇ ದೇವರನ್ನು ಪ್ರತಿಷ್ಠೆ ಮಾಡಿಸಿದ. ಪೂಜೆ ಶುರುವಾಯಿತು, ಆಮೇಲಿನವರು ಸೇರಿಸುತ್ತಾ ಹೋದರು. ಬಯಲಲ್ಲಿ ಒಂದು ಕಲ್ಲು ನೆಟ್ಟು, ಗರ್ಭಗುಡಿ ಮುಂದಿನ ಬಜೆಟ್ಟಿನಲ್ಲಿ, ಅಲ್ಲೀವರೆಗೆ ಈ ಕಲ್ಲಿಗೇ ಕೈ ಮುಗೀರಿ ಅಂತ ಹೇಳಲಿಲ್ಲ. ಹಳೇಬೀಡಿನ ಗುಡಿಗೆ ಶಿಖರ ಇಲ್ಲ, ನಿಜ. ಆದರೆ ಅದನ್ನು ನೋಡಲು ಯುನೆಸ್ಕೋದವರೂ ಬಂದರು, 2023ರಲ್ಲಿ ಪಟ್ಟಿಗೂ ಸೇರಿಸಿಕೊಂಡರು. ಬೂವನಹಳ್ಳಿಗೂ ಬರುತ್ತಾರೇನೋ, ಇನ್ನೂ ಸ್ವಲ್ಪ ಹಳೆಯದಾಗಲಿ.

ಅವನ ಮಂತ್ರ ಕೆಲಸ ಮಾಡದ ಜಾಗ ಒಂದಿದೆ. ಹಾಸನದಿಂದ ಮಾರನಹಳ್ಳಿವರೆಗಿನ ಚತುಷ್ಪಥ ಎಷ್ಟು ವರ್ಷ ಎಳೆಯಿತು ಅಂತ ಅಲ್ಲಿ ಓಡಾಡಿದವರನ್ನು ಕೇಳಿ. ಜೋರು ಮಳೆ ಹಿಡಿದರೆ ದೋಣಿಗಲ್‌ನಲ್ಲಿ ರಸ್ತೆ ಕುಸಿಯುತ್ತದೆ, ಮಣ್ಣು ಜಾರುತ್ತದೆ. ಬ್ಯಾರಿಕೇಡ್ ಇಡುತ್ತಾರೆ, ಮಂತ್ರಿಗಳು ಛತ್ರಿ ಹಿಡಿಸಿಕೊಂಡು ಬಂದು ನೋಡಿ ಹೋಗುತ್ತಾರೆ. ಸಕಲೇಶಪುರದ ಕಡೆಯವರು ದೊಡ್ಡ ಕಾಯಿಲೆ ಅಂದರೆ ಮಂಗಳೂರಿಗೆ ಓಡಬೇಕು. ಈ ದಾರಿಯ ಶಿರಾಡಿ ಘಾಟಿ ಬಂದ್ ಆದ ರಾತ್ರಿ ಆಂಬ್ಯುಲೆನ್ಸ್‌ನಲ್ಲಿ ಮಲಗಿದವನಿಗೆ ಕಾಲ ನಿಲ್ಲುವುದಿಲ್ಲ. ಒಂದೊಂದು ನಿಮಿಷವೂ ಹೋಗುತ್ತದೆ. ಜೊತೆಗೆ ಕೂತ ಹೆಂಡತಿ ಡ್ರೈವರನ್ನು ಕೇಳುತ್ತಾಳೆ, ಚಾರ್ಮಾಡಿ ಮೇಲೆ ಹೋದರೆ ಎಷ್ಟೊತ್ತಾಗುತ್ತೆ ಅಣ್ಣ ಅಂತ. ಡ್ರೈವರ್ ಏನು ಹೇಳಬೇಕು? ಒಂದು ರಸ್ತೆ ಕೇಳಿದ್ದು ನಾವು. ಒಂದೇ ಒಂದು ರಸ್ತೆ, ಮಳೆಗಾಲದಲ್ಲಿ ಇರುವಂಥದ್ದು. ಅದನ್ನು ಕೇಳಿ ಕೇಳಿ ಸಾಕಾಗಿದೆ.

ಇರಲಿ. ಈ ವರ್ಷವಾದರೂ ಕಾಲಾಚಾರಿಗೆ ರಾಜ್ಯೋತ್ಸವ ಪ್ರಶಸ್ತಿ ಕೊಡಿ. ಅವನ ಹೆಸರಿನಲ್ಲಿ ಹಾಸನದಲ್ಲಿ ಒಂದು ಭವನ ಕಟ್ಟಿಸಿ, ಕಾರ್ ಪಾರ್ಕಿಂಗ್ ಇರುವಂಥದ್ದು. ಅಡಿಗಲ್ಲನ್ನು ಅವನೇ ಕೆತ್ತುತ್ತಾನೆ, ರಿಯಾಯಿತಿಯನ್ನೂ ಕೊಡುತ್ತಾನೆ. ಒಂದೇ ಷರತ್ತು, ಕಲ್ಲಿನ ದುಡ್ಡು ಪೂರ್ತಿ ಮುಂಗಡ ಕೊಡಬೇಕಂತೆ. ಭವನ ಆದ ಮೇಲೆ ಬಾಕಿ ಕೊಡುತ್ತೇವೆ ಅಂದರೆ ಅವನು ಒಪ್ಪುವುದಿಲ್ಲ.