ಕೊನೆಯ ಹೆಸರು ಯಾರದ್ದು?

ಕಾಸ್ಟಿಂಗ್ ಡೈರೆಕ್ಟರ್ ಅಂದರೆ ಆಡಿಷನ್ ಮಾಡಿ ಹೊಸ ಮುಖ ಹುಡುಕುವವರು ಅಂದುಕೊಂಡವರಿಗೆ ಜಪಾನಿ ಸಿನಿಮಾ ಸ್ವಲ್ಪ ನಿರಾಸೆ ಮಾಡುತ್ತದೆ. ಅಲ್ಲಿ ದೊಡ್ಡ ಚಿತ್ರಗಳಿಗೆ ಟಿವಿ ಚಾನೆಲ್, ವಿತರಕರು, ಪ್ರಕಾಶಕರು, ಜಾಹೀರಾತು ಏಜೆನ್ಸಿ ಎಲ್ಲ ಸೇರಿ ನಿರ್ಮಾಣ ಸಮಿತಿ ಕಟ್ಟಿಕೊಂಡು ದುಡ್ಡು ಹಾಕುತ್ತಾರೆ. ನಾಯಕ, ನಾಯಕಿ ಯಾರು ಅನ್ನೋದು ಎಷ್ಟೋ ಸಲ ಆ ಮಟ್ಟದಲ್ಲೇ ತೀರ್ಮಾನವಾಗಿರುತ್ತದೆ. ಕಾಸ್ಟಿಂಗ್‌ನವರ ಪಾಲಿಗೆ ಉಳಿಯೋದು ಅದರ ಕೆಳಗಿನ ಪಾತ್ರಗಳು, ಜೊತೆಗೆ ಎಲ್ಲರ ತಲೆನೋವು.

ಮೊದಲನೆಯದು ಡೇಟ್ಸ್. ಮಾತುಕತೆ ನಟರ ಜೊತೆಗಲ್ಲ, ಅವರನ್ನು ನೋಡಿಕೊಳ್ಳುವ ಸಂಸ್ಥೆಯ ಜೊತೆ. ಅದಕ್ಕೆ 'ಜಿಮುಶೊ' ಅನ್ನುತ್ತಾರೆ. ಒಪ್ಪಂದಕ್ಕೂ ಮುಂಚೆ ದಿನಗಳನ್ನು 'ಕೀಪ್' ಮಾಡಿಸಬೇಕು, ಅಂದರೆ ತಾತ್ಕಾಲಿಕವಾಗಿ ಕಾದಿರಿಸಬೇಕು. ಬೇರೆ ಚಿತ್ರದವರು ಮೊದಲೇ ಕೀಪ್ ಹಾಕಿದ್ದರೆ ನೀವು ಎರಡನೆಯವರು, ಅವರು ಬಿಟ್ಟರಷ್ಟೇ ನಿಮಗೆ. ನಾಲ್ಕು ಜನ ಒಟ್ಟಿಗೆ ಕೂತು ಉಣ್ಣುವ ಒಂದು ಸೀನ್‌ಗೆ ನಾಲ್ವರ ಖಾಲಿ ದಿನವೂ ಒಂದೇ ಆಗಿರಬೇಕು. ಮಳೆ ಬಂದು ಎರಡು ದಿನ ಜಾರಿತೋ, ಮತ್ತೆ ನಾಲ್ಕೂ ಕಡೆ ಫೋನ್.

ಆಮೇಲೆ ಜಾಹೀರಾತು. ಒಂದು ಬಿಯರ್ ಕಂಪನಿಯ ಮುಖವಾಗಿರುವ ನಟ ತೆರೆಯ ಮೇಲೆ ಇನ್ನೊಂದು ಕಂಪನಿಯ ಕ್ಯಾನ್ ಎತ್ತುವಂತಿಲ್ಲ. ಹಾಗಾಗಿ ಸ್ಕ್ರಿಪ್ಟ್ ಓದುವಾಗಲೇ ಕಾರು, ಫೋನು, ಬಿಯರ್ ಬರುವ ಸೀನ್‌ಗಳಿಗೆ ಗುರುತು ಹಾಕಿಡಬೇಕು.

ನಿಜವಾದ ಚದುರಂಗ ಇರೋದು ತೆರೆಯ ಮೇಲೆ, ಪೋಸ್ಟರ್‌ನಲ್ಲಿ ಬರುವ ನಟರ ಹೆಸರಿನ ಪಟ್ಟಿಯಲ್ಲಿ. ಮೊದಲ ಹೆಸರು ನಾಯಕನದ್ದು, ಸರಿ. ಆದರೆ ಕಟ್ಟಕಡೆಯ ಹೆಸರಿಗೂ ದೊಡ್ಡ ಮರ್ಯಾದೆ. ಅದು 'ತೊಮೆ', ಸಾಮಾನ್ಯವಾಗಿ ಹಿರಿಯರಿಗೆ ಮೀಸಲು. ಅದಕ್ಕಿಂತ ಒಂದು ಹಿಂದಿನದು 'ತೊಮೆ-ಮಾಯೆ', ಪಟ್ಟಿಯ ನಡುವಿನದು 'ನಾಕಾ-ದೊಮೆ'. ಇಬ್ಬರು ಹಿರಿಯರು ಒಂದೇ ಚಿತ್ರದಲ್ಲಿದ್ದರೆ ಒಬ್ಬರಿಗೆ ತೊಮೆ, ಇನ್ನೊಬ್ಬರಿಗೆ 'ವಿಶೇಷ ಪಾತ್ರ' ಅನ್ನೋ ಪಟ್ಟ ಕೊಟ್ಟು ಸಮಾಧಾನ ಮಾಡಬೇಕು. ಏನೂ ಬಗೆಹರಿಯದಿದ್ದರೆ ಅಕಾರಾದಿ, ಇಲ್ಲವೇ ತೆರೆಗೆ ಬಂದ ಕ್ರಮ. ಈ ಮಾತು ಮುಗಿಸದೆ ಆಫರ್ ಕೊಟ್ಟರೆ ಪೋಸ್ಟರ್ ಅಚ್ಚಾಗುವ ಹೊತ್ತಿಗೆ ರಾದ್ಧಾಂತ ಗ್ಯಾರಂಟಿ.

ಸ್ಟಾರ್ ಕೊಟ್ಟ ಜಿಮುಶೊ ತನ್ನ ಹೊಸಬರೊಬ್ಬರನ್ನೂ ಜೊತೆಗೆ ತೂರಿಸೋದಿದೆ. ಅದು 'ಬಾತಾ'. ಕಟ್ಟು ಅನ್ನೋ ಅರ್ಥದ 'ತಾಬಾ'ವನ್ನು ತಿರುವಿ ಹಾಕಿದ್ದಂತೆ. ಬಾತಾದಲ್ಲಿ ಬಂದವರೆಲ್ಲ ದಡ್ಡರಲ್ಲ, ಆದರೆ ಪಾತ್ರಕ್ಕೆ ತಕ್ಕ ಮುಖವನ್ನು ಕೈಬಿಟ್ಟು ಅವರನ್ನು ಕೂರಿಸಿದಾಗ ತೆರೆಯ ಮೇಲೆ ಎದ್ದು ಕಾಣುತ್ತದೆ.

ಈ ಲೆಕ್ಕಾಚಾರ ಅಷ್ಟಾಗಿ ನಡೆಯದ ಜಾಗ ಮಕ್ಕಳ ಪಾತ್ರ. ನಿರ್ದೇಶಕ ಹಿರೊಕಾಜು ಕೊರೆಎದಾ ಎಷ್ಟೋ ಚಿತ್ರಗಳಲ್ಲಿ ಮಕ್ಕಳಿಗೆ ಸ್ಕ್ರಿಪ್ಟನ್ನೇ ಕೊಡದೆ, ಸೆಟ್‌ನಲ್ಲಿ ಮಾತು ಹೇಳಿಕೊಟ್ಟು ಆಡಿಸಿದ್ದಾರೆ. ಅಂಥವರ ಆಡಿಷನ್‌ನಲ್ಲಿ ಉರುಹೊಡೆದು ಒಪ್ಪಿಸುವ ಮಗು ಗೆಲ್ಲೋದಿಲ್ಲ, ಎದುರಿನವರ ಮಾತು ಕೇಳಿಸಿಕೊಳ್ಳುವ ಮಗು ಗೆಲ್ಲುತ್ತದೆ. ಹಾಗೆ ಆಯ್ಕೆಯಾದ ಯೂಯಾ ಯಾಗಿರಾ 2004ರಲ್ಲಿ, 14ನೇ ವಯಸ್ಸಿಗೆ, ಕಾನ್ ಚಿತ್ರೋತ್ಸವದ ಶ್ರೇಷ್ಠ ನಟ.

ಮಕ್ಕಳನ್ನು ಆರಿಸಿದ ಮೇಲೆ ಕಾರ್ಮಿಕ ಕಾನೂನು ಎದುರಾಗುತ್ತದೆ. ಶಾಲೆಯ ಸಮಯವೂ ಸೇರಿ ದಿನಕ್ಕೆ 7 ಗಂಟೆ, ವಾರಕ್ಕೆ 40. ರಾತ್ರಿ 8ರಿಂದ ಬೆಳಗಿನ 5ರವರೆಗೆ ಕೆಲಸವಿಲ್ಲ. ಬೇಸಿಗೆಯಲ್ಲಿ ಟೋಕಿಯೋದಲ್ಲಿ ಸೂರ್ಯ ಮುಳುಗೋದೇ 7ರ ಹೊತ್ತಿಗೆ. ಪಟಾಕಿ ಹಬ್ಬದ ರಾತ್ರಿ ಸೀನ್‌ನಲ್ಲಿ ಮಗುವಿದ್ದರೆ ಕತ್ತಲಾದ ಮೇಲೆ ಕೈಗೆ ಸಿಗೋದು ಒಂದು ಗಂಟೆಯೂ ಇಲ್ಲ.