ಕಾರ್ ಪಾರ್ಕಿನಲ್ಲಿ ಕೂತವರಿಗೆ

ಶನಿವಾರ ಬೆಳಗ್ಗೆ ನಮ್ಮ ಏರಿಯಾದ ಜಿಎಎ ಕ್ಲಬ್ಬಿನ ಕಾರ್ ಪಾರ್ಕಿಗೆ ಬಂದು ನೋಡಿ. ಮಕ್ಕಳನ್ನು ಇಳಿಸಿ, ಹೀಟರ್ ಹಾಕಿಕೊಂಡು, ಒಳಗೇ ಕೂತು ಮೊಬೈಲ್ ನೋಡುವವರಲ್ಲಿ ಅರ್ಧಕ್ಕರ್ಧ ಭಾರತದಿಂದ ಬಂದ ನಮ್ಮವರೇ. ಬೈಯುತ್ತಿಲ್ಲ. ಎರಡು ವರ್ಷ ನಾನೂ ಅಲ್ಲೇ ಕೂತಿದ್ದೆ.

ನಮ್ಮ ಮನೆ ಇರೋದು ಐರ್ಲೆಂಡಿನ ಡಬ್ಲಿನ್‌ನ ಪಶ್ಚಿಮದ ಅಂಚಿನಲ್ಲಿ. ಸುತ್ತ ಹೊಸ ಬಡಾವಣೆಗಳು, ಅಚ್ಚು ಹೊಯ್ದಂಥ ಮನೆಗಳು. ಊರು ಅನ್ನಿಸುವಂಥದ್ದು ಅಂದರೆ ಈ ಕ್ಲಬ್ಬು ಒಂದೇ. ಜಿಎಎ ಅಂದರೆ ಗೇಲಿಕ್ ಅಥ್ಲೆಟಿಕ್ ಅಸೋಸಿಯೇಷನ್, ಐರಿಶರ ಸ್ವಂತ ಆಟಗಳ ಸಂಸ್ಥೆ. 1884ರಲ್ಲಿ ಥರ್ಲಸ್ ಎಂಬ ಊರಿನ ಹೋಟೆಲೊಂದರಲ್ಲಿ ಹುಟ್ಟಿದ್ದು. ಇಂಗ್ಲಿಷರ ಆಟಗಳ ಮಧ್ಯೆ ಐರಿಶರ ಆಟ ಕಳೆದುಹೋಗಬಾರದು ಅಂತ ಕಟ್ಟಿದ್ದು. ಗೇಲಿಕ್ ಫುಟ್‌ಬಾಲ್‌ನಲ್ಲಿ ಕೈಯೂ ನಡೆಯುತ್ತೆ, ಕಾಲೂ ನಡೆಯುತ್ತೆ. ಹರ್ಲಿಂಗ್ ಮಾತ್ರ ಚಿನ್ನಿದಾಂಡು, ಹಾಕಿ ಎರಡೂ ಜಗಳಕ್ಕೆ ಬಿದ್ದ ಹಾಗೆ. ಕಿವಿ ಪಕ್ಕದಲ್ಲೇ ಹಾರುವ ಚೆಂಡನ್ನು ಬರಿಗೈಯಲ್ಲಿ ಹಿಡೀತಾರೆ! ಮೊದಲ ಸಲ ನೋಡಿದಾಗ ಮಗಳನ್ನು ಎತ್ತಿಕೊಂಡು ಮನೆಗೆ ಓಡೋಣ ಅನ್ನಿಸಿತ್ತು. ಹೆಲ್ಮೆಟ್ ಕಡ್ಡಾಯ ಅಂದ ಮೇಲೆ ಸ್ವಲ್ಪ ಉಸಿರು ಬಂತು.

ಐಪಿಎಲ್ ಹರಾಜು ನೋಡಿ ಅಭ್ಯಾಸವಾದ ನಮಗೆ ಇವರ ಲೆಕ್ಕಾಚಾರ ಅರ್ಥ ಆಗೋದೇ ಕಷ್ಟ. ಡಬ್ಲಿನ್‌ನಲ್ಲಿರುವ ಇವರ ದೊಡ್ಡ ಸ್ಟೇಡಿಯಂ ಕ್ರೋಕ್ ಪಾರ್ಕ್‌ನಲ್ಲಿ 82,300 ಜನ ಹಿಡಿಸುತ್ತಾರೆ. ಆಲ್ ಐರ್ಲೆಂಡ್ ಫೈನಲ್ ದಿನ ಅಷ್ಟೂ ತುಂಬುತ್ತೆ. ಆಡುವವರಿಗೆ ಸಂಬಳ ಇಲ್ಲ. ಭಾನುವಾರ ಕಪ್ ಎತ್ತಿದವನು ಮತ್ತೆ ಶಾಲೆಗೆ ಹೋಗಿ ಲೆಕ್ಕ ಹೇಳಿಕೊಡುವ ಮೇಷ್ಟ್ರು. ದುಡ್ಡು ಕೊಟ್ಟು ಆಟಗಾರನನ್ನು ಕೊಂಡು ತರುವ ಪದ್ಧತಿಯೂ ಇಲ್ಲ. ಸಾಮಾನ್ಯವಾಗಿ ಹುಟ್ಟಿ ಬೆಳೆದ, ಇಲ್ಲವೇ ನೆಲೆಸಿದ ಜಾಗಕ್ಕೇ ಆಡೋದು. 2025ರ ಜನವರಿಯಲ್ಲಿ ದೇಶದ ಎರಡೂ ಕ್ಲಬ್ ಕಪ್ಪುಗಳು ಡಬ್ಲಿನ್ ಬಡಾವಣೆಗಳಿಗೇ ಬಂದವು. ಹರ್ಲಿಂಗ್‌ನದು ಗ್ಲಾಸ್‌ನೆವಿನ್‌ನ ನಾ ಫಿಯನಾಗೆ, ಫುಟ್‌ಬಾಲ್‌ನದು ಡಾಲ್ಕಿಯ ಕೂಲಾಗೆ. ಬಡಾವಣೆ ಅಂದರೆ ಬರೀ ಮಲಗಿ ಏಳುವ ಜಾಗ ಅಂದುಕೊಂಡವರು ಆ ವಾರ ಅಲ್ಲಿ ಓಡಾಡಬೇಕಿತ್ತು.

ಕ್ಲಬ್ಬು ನಡೆಯೋದು ಹೇಗೆ ಗೊತ್ತಾ? ನಮ್ಮ ಬೀದಿಯಲ್ಲಿ ಗಣಪತಿ ಕೂರಿಸುವ ಸಂಘ ಇರಲಿಲ್ವಾ, ಅದೇ. ಒಬ್ಬರು ಲೆಕ್ಕ ಬರೀತಾರೆ, ಒಬ್ಬರು ಲಾಟರಿ ಚೀಟಿ ಮಾರುತ್ತಾರೆ, ಒಬ್ಬರು ಬೆಳಗಾಗುವ ಮೊದಲೇ ಬಂದು ಗೇಟ್ ತೆಗೆಯುತ್ತಾರೆ. ಇಂಥವರಿಲ್ಲದಿದ್ದರೆ ಗಣಪತಿಯೂ ಕೂರಲ್ಲ, ಆಟವೂ ನಡೆಯಲ್ಲ.

ನನ್ನನ್ನು ಕಾರಿನಿಂದ ಇಳಿಸಿದ್ದು ಒಂದು ಬಾವುಟ. ಅವತ್ತು ಗೋಲ್ ಕಂಬದ ಪಕ್ಕ ನಿಂತು ಬಾವುಟ ಎತ್ತುವ ಅಂಪೈರ್ ಒಬ್ಬರು ಬಂದಿರಲಿಲ್ಲ. ಹಿರಿಯಾಕೆ ಒಬ್ಬರು ಕಿಟಕಿ ತಟ್ಟಿ, ಬಂದು ನಿಲ್ಲಮ್ಮ ಅಂದರು. ನಂಗೇನೂ ಗೊತ್ತಿಲ್ಲ ಅಂದೆ. ಚೆಂಡು ಗೋಲಿನ ಅಡ್ಡಪಟ್ಟಿ ಮೇಲಿನಿಂದ ಹೋದರೆ ಬಿಳಿ ಬಾವುಟ, ಒಂದು ಪಾಯಿಂಟು. ನೆಟ್ಟಿಗೆ ಬಿದ್ದರೆ ಹಸಿರು, ಮೂರು ಪಾಯಿಂಟು. ಅಷ್ಟೇ ಪಾಠ. ಮಳೆಯಲ್ಲಿ ಒಂದು ಗಂಟೆ ನಿಂತೆ. ಒಮ್ಮೆ ಹಸಿರು ಎತ್ತುವ ಕಡೆ ಬಿಳಿ ಎತ್ತಿದೆ. ಎದುರು ಟೀಮಿನ ಅಪ್ಪಂದಿರು ಗುಡುಗಿದರು ನೋಡಿ! ಆದರೆ ಎಂಟು ವರ್ಷದಲ್ಲಿ ಇಲ್ಲಿನ ಜನ ನನ್ನನ್ನೂ ಅವರಲ್ಲಿ ಒಬ್ಬಳು ಅಂತ ಬೈದಿದ್ದು ಅದೇ ಮೊದಲು. ಖುಷಿಯಾಯ್ತು ಅಂದರೆ ನಗ್ತೀರಿ.

2025ರ ಜುಲೈಯಲ್ಲಿ ಡಬ್ಲಿನ್‌ನದೇ ಬಡಾವಣೆ ಟಾಲಾದಲ್ಲಿ ಭಾರತದವರೊಬ್ಬರನ್ನು ಗುಂಪೊಂದು ಹೊಡೆದು ಬೀದಿಯಲ್ಲಿ ಬಿಟ್ಟಿತು. ಫೀನಿಕ್ಸ್ ಪಾರ್ಕಿನ ಇಂಡಿಯಾ ಡೇಯನ್ನೇ ಮುಂದೂಡಿದರು. ನಾವೂ ಸಂಜೆ ಹೊರಗೆ ಹೋಗೋದು ನಿಲ್ಲಿಸಿದ್ದೆವು. ನಮ್ಮ ವಾಟ್ಸಾಪ್ ಗುಂಪಿನಲ್ಲಿ ಒಂದೇ ಮಾತು, ಇವರು ನಮ್ಮನ್ನು ಯಾವತ್ತೂ ಒಳಗೆ ಬಿಟ್ಟುಕೊಳ್ಳಲ್ಲ ಅಂತ. ಆ ವಾರ ನಮ್ಮ ಮನೆ ಬಾಗಿಲಿಗೆ ಬಂದಿದ್ದು ಅದೇ ಬಾವುಟದ ಆಂಟಿ. ನಿನ್ನ ಗಂಡ ಲೇಟಾಗಿ ಬಸ್ ಇಳಿದರೆ ಫೋನ್ ಮಾಡು, ನನ್ನ ಮಗ ಕಾರು ತರ್ತಾನೆ ಅಂದರು. ಅದೇ ಟಾಲಾದ ಥಾಮಸ್ ಡೇವಿಸ್ ಕ್ಲಬ್ಬಿನಲ್ಲಿ ಆಡಿದವನು ಝಾಕ್ ಮೊರಾಡಿ. ಹುಟ್ಟಿದ್ದು ಇರಾಕಿನ ನಿರಾಶ್ರಿತರ ಶಿಬಿರದಲ್ಲಿ, ಕುರ್ದ್ ಹುಡುಗ. 2019ರಲ್ಲಿ ಲೀಟ್ರಿಮ್ ಕೌಂಟಿಯ ಹರ್ಲಿಂಗ್ ಟೀಮಿನಲ್ಲಿ ಕ್ರೋಕ್ ಪಾರ್ಕ್‌ನಲ್ಲೇ ಕಪ್ ಗೆದ್ದ. ಟಾಲಾ ಅಂದರೆ ಎರಡೂ ಹೌದು.

ಹಾಗಂತ ಕ್ಲಬ್ಬೇನು ದೇವಸ್ಥಾನ ಅಲ್ಲ. ಈ ಸಂಸ್ಥೆಗೆ ಒಂದು ಕಾಲದಲ್ಲಿ ವಿಪರೀತ ಮಡಿ, ಇಂಗ್ಲಿಷರ ಆಟ ಮುಟ್ಟುವಂತಿರಲಿಲ್ಲ. ಸಾಕರ್ ಮ್ಯಾಚ್ ನೋಡಲು ಹೋದರು ಅಂತ 1938ರಲ್ಲಿ ದೇಶದ ಅಧ್ಯಕ್ಷ ಡಗ್ಲಸ್ ಹೈಡ್ ಅವರನ್ನೇ ಪೋಷಕ ಸ್ಥಾನದಿಂದ ಕಿತ್ತುಹಾಕಿದ್ದರು. ಆ ಮೈಲಿಗೆ ಕಳೆದಿದ್ದು 1971ರಲ್ಲಿ. 2020ರಲ್ಲಿ ಅದೇ ಕ್ರೋಕ್ ಪಾರ್ಕ್ ಹುಲ್ಲಿನ ಮೇಲೆ ಬಕ್ರೀದ್ ನಮಾಜ್ ಆಯಿತು. ಬದಲಾಗುತ್ತಾರೆ, ನಿಧಾನಕ್ಕೆ. ನಮ್ಮ ಕ್ಲಬ್ಬಿನಲ್ಲೂ ಅಪ್ಪ ಆಡಿದ್ದ, ತಾತ ಆಡಿದ್ದ ಅನ್ನುವ ಮನೆತನದ ಮಕ್ಕಳಿಗೆ ಒಂದು ಕಣ್ಣು ಜಾಸ್ತಿ. ಹನ್ನೆರಡರ ಒಳಗಿನ ಮಕ್ಕಳು ಎಲ್ಲರೂ ಆಡಬೇಕು ಅನ್ನೋದು ಜಿಎಎ ನಿಯಮ. ಆದರೂ ಒಂದು ಸೀಸನ್ ಪೂರ್ತಿ ನನ್ನ ಮಗಳು ಕೊನೆಯ ಐದು ನಿಮಿಷಕ್ಕೆ ಮಾತ್ರ ಇಳಿದಳು. ಕಾರಿನಲ್ಲಿ ಕೂತಿದ್ದಾಗ ನೋಡಿ ಹೊಟ್ಟೆ ಉರಿದುಕೊಂಡೆ, ಅಷ್ಟೇ. ಬಾವುಟ ಹಿಡಿದ ಮೇಲೆ ಕೋಚ್‌ನ ಹತ್ತಿರ ಹೋಗಿ ಕೇಳಿದೆ. ಪಾಪ, ಆತನಿಗೆ ಮುಖ ಕೆಂಪಾಯಿತು. ಈಗ ಅರ್ಧ ಆಟ ಆಡುತ್ತಾಳೆ. ಇನ್ನರ್ಧಕ್ಕೆ ಜಗಳ ಬಾಕಿ ಇದೆ.

ಮಗುವಿಗೆ ಕ್ರಿಕೆಟ್ ಸಾಕು ಅನ್ನುವವರಿಗೆ ನನ್ನದೇನೂ ತಕರಾರಿಲ್ಲ. ಒಳಗೆ ಬಿಡಲ್ಲ ಅನ್ನುವವರಿಗೆ ಮಾತ್ರ ಕೇಳೋದು, ಒಂದು ಸಲ ಕಾರಿನಿಂದ ಇಳಿದು ನೋಡಿದಿರಾ?

ಈ ವಾರ ಜೆರ್ಸಿ ಒಗೆಯುವ ಸರದಿ ನಮ್ಮನೆಯದು. ಒಂದು ಚೀಲ ತುಂಬಾ, ಕೆಸರಲ್ಲಿ ಅದ್ದಿ ತೆಗೆದ ಹಾಗಿವೆ. ಹೊರಗೆ ಮೂರು ದಿನದಿಂದ ಮಳೆ. ರೇಡಿಯೇಟರ್ ಮೇಲೆ, ಕುರ್ಚಿ ಮೇಲೆ, ದೇವರ ಕೋಣೆ ಬಾಗಿಲ ಮೇಲೆ ಎಲ್ಲಾ ನೇತಾಡ್ತಾ ಇವೆ. ಬಿಳಿ ಕಾಲರ್‌ನಿಂದ ಕೆಸರು ಬಿಡಿಸೋಕೆ ಯಾರಿಗಾದ್ರೂ ಉಪಾಯ ಗೊತ್ತಿದ್ರೆ ಕೆಳಗೆ ಬರೀರಿ. ನಿಂಬೆಹಣ್ಣು ಹಾಕಿ ನೋಡಿದ್ದಾಯ್ತು.